ಹತ್ತು ಗಂಟೆ ಹತ್ತು ನಿಮಿಷದ ಸಮುದ್ರ

ಸಮುದ್ರ ಕಾಣಬೇಕಾದರೆ ಬಸ್ಸಿನಲ್ಲಿ ಏಳು ಗಂಟೆ ಕೂರಬೇಕಾದ ಒಂದು ಊರಿನಲ್ಲಿ, ಸಮುದ್ರದಲ್ಲಿ ಮಿಂದು ಬಂದವರ ಸಂಖ್ಯೆ ಸಮುದ್ರದ ದಂಡೆಯಲ್ಲೇ ಹುಟ್ಟಿ ಬೆಳೆದವರ ಸಂಖ್ಯೆಗಿಂತ ಹೆಚ್ಚಿತ್ತು ಎಂದರೆ ನೀವು ನಂಬುವುದಿಲ್ಲ. ನಂಬಬೇಡಿ. ಆದರೆ ಆ ಊರಿನ ಹತ್ತು ಮನೆಗಳ ಗೋಡೆ ನೋಡಿಕೊಂಡು ಬಂದು ಆಮೇಲೆ ಮಾತಾಡಿ.

ಪ್ರತಿ ಮನೆಯ ನಡುಕೋಣೆಯಲ್ಲೂ ಒಂದು ಫೋಟೋ. ಹಿಂದೆ ನೀಲಿ ಸಮುದ್ರ. ಅದರಲ್ಲಿ ಅರ್ಧ ಮುಳುಗಿದ ಕಿತ್ತಳೆ ಬಣ್ಣದ ಸೂರ್ಯ. ಎಡಗಡೆ ಕೆಂಪು ಬಿಳಿ ಪಟ್ಟೆಯ ಲೈಟ್‌ಹೌಸು. ಲೈಟ್‌ಹೌಸಿನ ಹಣೆಯ ಮೇಲೆ ಒಂದು ದುಂಡು ಗಡಿಯಾರ, ಗಡಿಯಾರದಲ್ಲಿ ಹತ್ತು ಗಂಟೆ ಹತ್ತು ನಿಮಿಷ. ಮುಂದೆ ಮನೆಯ ಯಜಮಾನರು, ಕಡಲ ಗಾಳಿಗೆ ಕೂದಲು ಹಾರಬಾರದೆಂದು ತಲೆಗೆ ಎಣ್ಣೆ ಮೆತ್ತಿಕೊಂಡು ನಿಂತಿರುತ್ತಿದ್ದರು. ಹಾರುವ ಭಯವೇನೂ ಇರಲಿಲ್ಲ. ಆ ಸಮುದ್ರದಲ್ಲಿ ಗಾಳಿ ಬೇಕಾದರೆ ಟೇಬಲ್ ಫ್ಯಾನ್ ಹಾಕಬೇಕಿತ್ತು.

ಏಕೆಂದರೆ ಆ ಸಮುದ್ರ ಇದ್ದದ್ದು ಮುಖ್ಯರಸ್ತೆಯಲ್ಲಿ, ಬೇಕರಿಯ ಮೇಲಿನ ಮಹಡಿಯ ಫೋಟೋ ಸ್ಟುಡಿಯೋದಲ್ಲಿ. ಹತ್ತಡಿ ಅಗಲ, ಏಳಡಿ ಎತ್ತರದ ಪರದೆ. ಇಪ್ಪತ್ತೈದು ವರ್ಷದ ಹಿಂದೆ ಅದನ್ನು ಬರೆದವನು ಸ್ಟುಡಿಯೋದ ಯಜಮಾನನೇ. ಕ್ಯಾಮೆರಾದ ಹಿಂದೆ ನಿಂತು ಬಂದವರಿಗೆಲ್ಲ "ಸ್ವಲ್ಪ ನಗಪ್ಪ, ಸ್ವಲ್ಪ ನಗಪ್ಪ" ಎಂದು ಹೇಳಿ ಹೇಳಿ, ಅವನಿಗೆ ಊರು ಇಟ್ಟ ಹೆಸರೇ ನಗಪ್ಪ. ನಗಪ್ಪನಿಗೆ ಸಮುದ್ರ ಗೊತ್ತಿದ್ದದ್ದು ಒಂದು ಕ್ಯಾಲೆಂಡರಿನಿಂದ. ಅದರಲ್ಲಿ ಲೈಟ್‌ಹೌಸು ಬೆಂಕಿಕಡ್ಡಿಯಷ್ಟಿತ್ತು. ಅದನ್ನು ಆರಡಿಗೆ ಹಿಗ್ಗಿಸಿದಾಗ ಮೇಲೆ ಒಂದು ಜಾಗ ಬೋಳುಬೋಳಾಗಿ ಉಳಿಯಿತು. ಅಷ್ಟೆತ್ತರದ ಗೋಪುರ ಕಟ್ಟಿ ಗಡಿಯಾರ ಹಾಕದೆ ಬಿಡುವ ಪೆದ್ದರು ಯಾರಿದ್ದಾರು ಎಂದುಕೊಂಡು, ಎದುರಿನ ವಾಚ್ ಅಂಗಡಿಯ ಗಾಜಿನೊಳಗೆ ನೋಡಿ, ಕಂಡದ್ದನ್ನು ಕಂಡ ಹಾಗೆ ಬರೆದ. ಮಾರಾಟಕ್ಕಿಟ್ಟ ಗಡಿಯಾರಗಳೆಲ್ಲ ಹತ್ತೂ ಹತ್ತನ್ನೇ ತೋರಿಸುತ್ತಿದ್ದವು. ಹೀಗೆ ಆ ಊರಿನ ಸಮುದ್ರದಲ್ಲಿ ಸೂರ್ಯ ಹತ್ತು ಗಂಟೆ ಹತ್ತು ನಿಮಿಷಕ್ಕೆ ಮುಳುಗತೊಡಗಿದ.

ಕಾಲು ಶತಮಾನದಲ್ಲಿ ಈ ಬಗ್ಗೆ ಬಾಯಿಬಿಟ್ಟು ಕೇಳಿದ್ದು ಒಬ್ಬಳೇ, ನಗಪ್ಪನ ಮಗಳು, ಅದೂ ಐದು ವರ್ಷದವಳಿದ್ದಾಗ.

"ಅಪ್ಪ, ಹತ್ತು ಗಂಟೆಗೆ ಸೂರ್ಯ ಯಾಕೆ ಮುಳುಗ್ತಿದಾನೆ?"

"ಸಮುದ್ರದ ಕಡೆ ಹಾಗೇ."

ಮಿಕ್ಕವರು ಕೇಳಲಿಲ್ಲ. ಫೋಟೋ ತೆಗೆಸಿಕೊಂಡವರೆಲ್ಲ ಮೆಟ್ಟಿಲಿಳಿಯುವ ಮೊದಲು ನಗಪ್ಪನ ಕಿವಿಯ ಹತ್ತಿರ ಬಾಯಿ ತಂದು, "ಪರದೆ ಅಂತ ಯಾರಿಗೂ ಹೇಳ್ಬೇಡಿ" ಎನ್ನುತ್ತಿದ್ದರು. ನಗಪ್ಪ ಕ್ಯಾಮೆರಾ ಮುಟ್ಟಿ ಆಣೆ ಮಾಡುತ್ತಿದ್ದ. ಇವನದು ಪರದೆ ಎಂದು ಅವನಿಗೆ ಗೊತ್ತು, ಅವನದೂ ಪರದೆಯೇ ಎಂದು ಇವನಿಗೆ ಗೊತ್ತು. ಒಬ್ಬ ಬಾಯಿಬಿಟ್ಟರೆ ಇನ್ನೊಬ್ಬನೂ ಬಿಡುತ್ತಾನೆ. ಆದ್ದರಿಂದ ಊರು ಪರಸ್ಪರ ಗೌರವದಿಂದ ಬಾಳುತ್ತಿತ್ತು. ಗೊತ್ತಿಲ್ಲದವರು ಅವರವರ ಹೆಂಡತಿಯರ ತವರಿನವರು, ಮಕ್ಕಳು ಮತ್ತು ಮೇಲಧಿಕಾರಿಗಳು ಮಾತ್ರ.

ಆ ಪರದೆಯ ಮುಂದೆ ನಿಲ್ಲಲು ಒಪ್ಪದ ಒಂದೇ ಪ್ರಾಣಿ ಇಡೀ ಊರಿನಲ್ಲಿತ್ತು. ಅದು ನಗಪ್ಪನ ಹೆಂಡತಿ.

ಆಕೆಯ ತಂದೆ ನಿವೃತ್ತ ಹೆಡ್‌ಮಾಸ್ಟರು. ಬಡಕಲು ಮೈ, ಕಂಬದಂಥ ಎತ್ತರ, ಕನ್ನಡಿಯ ಹಾಗೆ ಹೊಳೆಯುವ ಬೋಳುತಲೆ. ಅವರ ಮನೆಯ ಗೋಡೆಯ ಮೇಲೂ ಸಮುದ್ರದ ಫೋಟೋ ಇತ್ತು. ಅಷ್ಟೇ ಆಗಿದ್ದರೆ ಚಿಂತೆಯಿರಲಿಲ್ಲ. ಅವರು ತಮ್ಮ ಸಮುದ್ರಯಾನವನ್ನು ಬರೆದು ಮಕ್ಕಳಿಗೆ ಉಕ್ತಲೇಖನ ಮಾಡಿಸಿದ್ದರು. "ಸರಿಯಾಗಿ ಹತ್ತು ಗಂಟೆ ಹತ್ತು ನಿಮಿಷಕ್ಕೆ, ದೀಪಗೃಹದ ಗಡಿಯಾರದ ಸಾಕ್ಷಿಯಾಗಿ, ಒಂದು ಅಲೆ ಬಂದು ನನ್ನ ಪಾದಗಳನ್ನು ತೊಳೆಯಿತು" ಎಂಬ ವಾಕ್ಯವನ್ನು ತಪ್ಪಿಲ್ಲದೆ ಬರೆಯದೆ ಆ ಊರಿನಲ್ಲಿ ಯಾರೂ ನಾಲ್ಕನೇ ಕ್ಲಾಸು ದಾಟಿಲ್ಲ. ಮಗಳು ಆ ವಾಕ್ಯ ಕೇಳುತ್ತಲೇ ಬೆಳೆದವಳು. ಪರದೆ ತನ್ನ ಅಪ್ಪನ ಫೋಟೋ ನೋಡಿ ಬರೆದದ್ದೆಂದೇ ಅವಳ ನಂಬಿಕೆ. ಮದುವೆಯ ದಿನವೇ ಗಂಡನಿಗೆ ಹೇಳಿದ್ದಳು: "ಪರದೆ ಮುಂದೆ ನಾನು ನಿಲ್ಲಲ್ಲ. ಅಪ್ಪ ನಿಂತ ಜಾಗದಲ್ಲೇ ನಾನೂ ನಿಲ್ಬೇಕು. ಆ ಗಡಿಯಾರ ಹಿಂದೆ ಬರ್ಬೇಕು. ಅವತ್ತು ನಗ್ತೀನಿ."

ಮಾತಿಗೆ ತಪ್ಪುವ ಹೆಂಗಸಲ್ಲ. ಹದಿನೈದು ವರ್ಷದಲ್ಲಿ ನಗಪ್ಪ ತೆಗೆದ ಅವಳ ಫೋಟೋಗಳಲ್ಲಿ ಒಂದರಲ್ಲೂ ನಗು ಇಲ್ಲ. ಮದುವೆಯ ಫೋಟೋದಲ್ಲಿ ಹಲ್ಲು ಕೀಳಿಸಿಕೊಳ್ಳಲು ಸರದಿ ಕಾಯುತ್ತಿರುವವಳ ಹಾಗೆ ಕೂತಿದ್ದಾಳೆ. ಸಾವಿರ ಮುಖಗಳನ್ನು ನಗಿಸಿದ ನಗಪ್ಪನ ಸ್ವಂತ ಮನೆಯಲ್ಲಿ ವ್ಯಾಪಾರ ಹೀಗಿತ್ತು.

ಕೊನೆಗೆ ಒಂದು ಸೋಮವಾರ ಬೆಳಗ್ಗೆ ಅವಳು ಕಾಫಿ ಲೋಟವನ್ನು ಮೇಜಿನ ಮೇಲೆ ಇಟ್ಟಳು. ಇಟ್ಟ ಸದ್ದಿಗೆ ಪಕ್ಕದ ಮನೆಯ ಬೆಕ್ಕು ಎದ್ದು ಹೋಯಿತು.

"ರೀ, ಈ ಶನಿವಾರ ನಾನೂ ಮಗಳೂ ಸಮುದ್ರಕ್ಕೆ ಹೋಗ್ತಿದೀವಿ. ಭಾನುವಾರ ವಾಪಸ್ಸು. ನೀವು ಬರೋದಾದ್ರೆ ಬನ್ನಿ, ಇಲ್ಲಾಂದ್ರೆ ಪರದೆ ನೋಡ್ಕೊಂಡು ಇಲ್ಲೇ ಇರಿ."

"ಶನಿವಾರ ಒಂದು ಮದುವೆ..."

"ಹದಿನೈದು ವರ್ಷದಿಂದ ಊರಲ್ಲಿ ಎಲ್ಲರಿಗೂ ಮದುವೆ ಆಗ್ತಾನೇ ಇದೆ. ಒಂದ್ಸಲ ಫೋಟೋ ಇಲ್ಲದೆ ಆಗ್ಲಿ. ಸಂಸಾರ ನಡೆಯುತ್ತೆ."

ಇಂಥ ಹೊತ್ತಿನಲ್ಲಿ ಗಂಡಸಾದವನು ಸುಮ್ಮನೆ ಹೂಂ ಎಂದು ಬಟ್ಟೆ ಜೋಡಿಸಬೇಕು. ನಗಪ್ಪ ಹೂಂ ಎಂದ, ಅಲ್ಲಿಯವರೆಗೆ ಸರಿ. ಆದರೆ ಹೂಂ ಎಂದ ಮೇಲೆ ಅವನಿಗೆ ಹುರುಪು ಏರಿತು. ಹುರುಪು ಅವನ ಮೈಗೆ ಆಗಿಬರುವ ವಸ್ತುವಲ್ಲ. ಮಧ್ಯಾಹ್ನದೊಳಗೆ ಸ್ಟುಡಿಯೋದ ಕೆಳಗಿನ ಗಾಜಿನ ಷೋಕೇಸಿನಲ್ಲಿ ಒಂದು ಬೋರ್ಡು ಬಂತು, ಅಂಗೈಯಗಲದ ಅಕ್ಷರಗಳಲ್ಲಿ:

"ಶನಿವಾರ, ಭಾನುವಾರ ಸ್ಟುಡಿಯೋ ರಜೆ. ಮಾಲೀಕರು ಕುಟುಂಬ ಸಮೇತ ಕಡಲ ಪಟ್ಟಣಕ್ಕೆ ಪ್ರವಾಸ. ಸೋಮವಾರದಿಂದ ಇದೇ ಷೋಕೇಸಿನಲ್ಲಿ ಅಸಲಿ ಸಮುದ್ರದ ಅಸಲಿ ಫೋಟೋ. ನೋಡಲು ಮರೆಯದಿರಿ."

ಅಸಲಿ ಎಂಬ ಪದದ ಕೆಳಗೆ ಎರಡೂ ಕಡೆ ಕೆಂಪು ಗೆರೆ ಎಳೆದಿದ್ದ.

ಮೊದಲು ಓದಿದವನು ಎದುರಿನ ಟೈಲರ್. ಒಂದು ಗಿರಾಕಿಯ ಎದೆಯಳತೆ ತೆಗೆಯುತ್ತಿದ್ದವನು, ಟೇಪು ಗಿರಾಕಿಯ ಮೈಮೇಲೆಯೇ ಬಿಟ್ಟು ರಸ್ತೆ ದಾಟಿ, ಎರಡೆರಡು ಮೆಟ್ಟಿಲು ಹಾರಿ ಮೇಲೆ ಬಂದ.

"ಏನಣ್ಣ ಇದು, ಬೋರ್ಡು?"

"ನೋಡಿದ್ಯಾ? ಅಕ್ಷರ ಹೇಗಿದೆ?"

"ಅಕ್ಷರ ಹಾಳಾಗ್ಲಿ. ಒಂದು ಮಾತು ಕೇಳ್ತೀನಿ, ನಿಜ ಹೇಳು. ಅಲ್ಲಿ ಆ ಲೈಟ್‌ಹೌಸ್ ಮೇಲೆ ಗಡಿಯಾರ ಇದೆ ತಾನೆ?"

"ನನಗೇನು ಗೊತ್ತು? ನಾನು ನೋಡಿದ್ರೆ ತಾನೆ."

"ಮತ್ತೆ ಪರದೆ ಮೇಲೆ ಬರೆದಿದೀಯಲ್ಲ."

"ಜಾಗ ಖಾಲಿ ಇತ್ತು, ಹಾಕ್ದೆ."

ಟೈಲರ್ ಸ್ಟೂಲಿನ ಮೇಲೆ ಕುಸಿದ. ಮಗುವಿನ ಫೋಟೋಕ್ಕೆಂದು ಇಟ್ಟಿದ್ದ ರಬ್ಬರ್ ಬಾತುಕೋಳಿ ಅವನ ಕೆಳಗೆ ಸಿಕ್ಕಿ ಕೀ ಎಂದಿತು. ಅವನಿಗೆ ಕೇಳಿಸಲಿಲ್ಲ.

"ಅಣ್ಣ, ನಮ್ಮಮ್ಮನ ಮುಂದೆ, ಹೆಂಡತಿ ಮುಂದೆ, ನಾಲ್ಕು ಜನ ಭಾವಂದಿರ ಮುಂದೆ ಹೇಳಿದೀನಿ. ಆ ಗಡಿಯಾರ ಹತ್ತು ಸಲ ಹೊಡೆದಾಗ ಸಮುದ್ರದ ಮೀನೆಲ್ಲ ಮೇಲೆ ಹಾರಿ ನೋಡಿದ್ವು ಅಂತ. ದೊಡ್ಡ ಭಾವ ಅದನ್ನ ಅವರೂರಿಗೆಲ್ಲ ಹೇಳಿದಾನೆ. ನೀನು ಬರೀ ಗೋಪುರದ ಫೋಟೋ ತಂದು ಷೋಕೇಸಲ್ಲಿ ಇಟ್ರೆ ನಾನು ಎಲ್ಲಿ ಮುಖ ಇಟ್ಕೊಳ್ಳಲಿ?"

"ಮೀನು ಹಾರಿದ್ದನ್ನ ನಾನು ಬರೆದಿರಲಿಲ್ವಲ್ಲ."

"ಅದು ನಂದು. ಸ್ವಲ್ಪ ಕೈಕೆಲಸ ನಾವೂ ಮಾಡ್ಬೇಡ್ವಾ?" ಎಂದು ಟೈಲರ್ ಕಣ್ಣೊರೆಸಿಕೊಂಡ. "ಹೋಗ್ಬೇಡ ಅಣ್ಣ. ಹೋದ್ರೂ ಕ್ಯಾಮೆರಾ ಮರೆತು ಹೋಗು. ನಿನ್ನ ಕೋಟಿಗೆ ಜೀವಮಾನಪೂರ್ತಿ ಗುಂಡಿ ಹೊಲಿದು ಕೊಡ್ತೀನಿ."

ಮಂಗಳವಾರ ಬೆಳಗ್ಗೆ ಬೇಕರಿಯವನು ಬಂದ. ಮಧ್ಯಾಹ್ನ ಹಲ್ಲಿನ ಡಾಕ್ಟರು ಬಂದರು. ಸಂಜೆ ಅಂಚೆ ಕಚೇರಿಯ ಪೋಸ್ಟ್‌ಮಾಸ್ಟರು ಬಂದು, ಅರ್ಧ ಗಂಟೆ ಸುಮ್ಮನೆ ಕೂತು, ಏನೂ ಹೇಳದೆ ನಗಪ್ಪನ ಎರಡೂ ಕೈ ಹಿಡಿದು ಅಲ್ಲಾಡಿಸಿ ಎದ್ದು ಹೋದರು. ಮೆಟ್ಟಿಲ ಮೇಲೆ ನಿಂತ ಸಾಲು ಬೇಕರಿಯನ್ನು ಬಳಸಿ ಬಸ್‌ಸ್ಟ್ಯಾಂಡಿನವರೆಗೆ ಹೋಗಿತ್ತೆಂದು ಕೆಲವರು ಹೇಳುತ್ತಾರೆ. ಅದು ಉತ್ಪ್ರೇಕ್ಷೆ. ಬೇಕರಿಯನ್ನು ಬಳಸಿತ್ತು ಅಷ್ಟೆ.

ಬುಧವಾರ ನಗರಸಭೆಯ ಸಾಹೇಬರಿಂದ ಕರೆ ಬಂತು. ಸಾಹೇಬರು ಊರಿನ ದೊಡ್ಡ ಅಧಿಕಾರಿ. ಅವರ ಕುರ್ಚಿಯ ಹಿಂದಿನ ಗೋಡೆಯ ಮೇಲೆ, ಊರಿನ ನಕ್ಷೆಗಿಂತ ಎತ್ತರದಲ್ಲಿ, ಲೈಟ್‌ಹೌಸಿನ ಮುಂದೆ ನೋಟ್‌ಬುಕ್ ಹಿಡಿದು ನಿಂತ ಅವರ ಫೋಟೋ. ಎರಡು ವರ್ಷದ ಹಿಂದೆ ಕಡಲ ಪಟ್ಟಣಕ್ಕೆ ಒಂದು ವಾರದ ಅಧ್ಯಯನ ಪ್ರವಾಸವೆಂದು ಹೋಗಿ, ವಾರವಿಡೀ ಅಕ್ಕನ ಮನೆಯಲ್ಲಿ ನಿದ್ದೆ ಮಾಡಿ, ಬರುವ ದಾರಿಯಲ್ಲಿ ಸ್ಟುಡಿಯೋ ಹತ್ತಿ ಇಳಿದಿದ್ದರು.

ಸಾಹೇಬರು ಬಾಗಿಲು ಹಾಕಿಸಿದರು.

"ನೋಡಿ, ನಿಮ್ಮ ಪ್ರವಾಸಕ್ಕೆ ಅನುಮತಿ ಕೊಡೋಕಾಗಲ್ಲ."

"ಸಾರ್, ನಾನು ನಿಮ್ಮ ನೌಕರ ಅಲ್ವಲ್ಲ."

"ಅದೇ ತೊಂದರೆ ಆಗಿರೋದು. ನೌಕರ ಆಗಿದ್ರೆ ವರ್ಗ ಮಾಡಿಬಿಡ್ತಿದ್ದೆ." ಸೊರಗಿದ ದನಿಯಲ್ಲಿ ಹೇಳುತ್ತ ಅವರು ಒಂದು ನೀಲನಕ್ಷೆ ಬಿಚ್ಚಿದರು. "ಇದೇನು ಗೊತ್ತಾ? ನಮ್ಮ ಉದ್ಯಾನದಲ್ಲಿ ಕಟ್ಟೋ ಗಡಿಯಾರ ಗೋಪುರ. ಕಡಲ ಪಟ್ಟಣದ ಲೈಟ್‌ಹೌಸಿನ ಮಾದರಿ ಅಂತ ನಾನೇ ವರದಿ ಕೊಟ್ಟು ಠರಾವು ಮಾಡಿಸಿದೀನಿ. ಅಲ್ಲಿನ ಗಡಿಯಾರ ಎಷ್ಟು ಗಟ್ಟಿ ಅಂತ ಎಂಟು ಪುಟ ಬರೆದಿದೀನಿ. ಮೇಲಧಿಕಾರಿಗಳು ಓದಿ, 'ಪ್ರತ್ಯಕ್ಷ ಕಂಡವರ ಬರವಣಿಗೆ' ಅಂತ ಷರಾ ಬರೆದಿದಾರೆ. ಈಗ ನೀವು ಹೋಗಿ ಅಸಲಿ ಫೋಟೋ ತಂದು ರಸ್ತೆಯಲ್ಲಿ ಇಟ್ರೆ?"

"ಗಡಿಯಾರ ಇದ್ರೂ ಇರಬಹುದು ಸಾರ್."

"ಇದ್ರೂ ಇರಬಹುದು," ಎಂದರು ಸಾಹೇಬರು, ಮುಳುಗುವವನು ಹಲಗೆ ಹಿಡಿದ ಹಾಗೆ. "ಹಾಗಾದ್ರೆ ಇರೋ ಹಾಗೆ ತೆಗೆದುಕೊಂಡು ಬನ್ನಿ. ಇಲ್ಲ ಅಂದ್ರೆ... ಇರೋ ಹಾಗೆ ತೆಗೆದುಕೊಂಡು ಬನ್ನಿ."

ನಗಪ್ಪ ಆ ಎರಡನೆಯ ವಾಕ್ಯವನ್ನು ದಾರಿಯುದ್ದಕ್ಕೂ ಮೆಲುಕು ಹಾಕುತ್ತ ಸ್ಟುಡಿಯೋಗೆ ಬಂದರೆ, ಮಾವ ಕೂತಿದ್ದರು. ಪರದೆಯ ಮುಂದಿನ ಕುರ್ಚಿಯಲ್ಲೇ ಕೂತಿದ್ದರು, ಲೈಟ್‌ಹೌಸಿಗೆ ಬೆನ್ನು ಹಾಕಿ. ಇಪ್ಪತ್ತೈದು ವರ್ಷದ ಹಿಂದೆ ಇದೇ ಕುರ್ಚಿಯ ಪಕ್ಕ ನಿಂತು ಫೋಟೋ ತೆಗೆಸಿಕೊಂಡ ಮೊದಲ ಗಿರಾಕಿಗಳಲ್ಲಿ ಅವರೂ ಒಬ್ಬರು. ಆಗ ನಗಪ್ಪ ಅಳಿಯನಾಗಿರಲಿಲ್ಲ. ಹೆಣ್ಣು ಕೇಳಲು ಹೋದಾಗ ಅವರು ಮರುಮಾತಿಲ್ಲದೆ ಒಪ್ಪಿದ್ದಕ್ಕೆ ಈ ಗುಟ್ಟೂ ಒಂದು ಕಾರಣವಿದ್ದೀತು.

"ಅಳಿಯಂದಿರೇ, ನಿಮಗೆ ಒಂದು ಸಣ್ಣ ಜ್ವರ ಬರಿಸ್ಕೊಳ್ಳೋಕೆ ಆಗಲ್ವಾ? ಶುಕ್ರವಾರ ಬಂದು ಸೋಮವಾರ ಬಿಟ್ಟುಹೋಗೋ ಅಂಥದ್ದು."

"ಜ್ವರ ಬಂದ್ರೆ ಅವಳು ನನ್ನ ಬಿಟ್ಟು ಹೋಗ್ತಾಳೆ, ಮಾವ."

"ಹಾಗಾದ್ರೆ ನನಗೇ ಬರಲಿ. ಶನಿವಾರ ಬೆಳಗ್ಗೆ ಐದು ಗಂಟೆಗೆ, ತಂದೆಯ ಸ್ಥಿತಿ ಗಂಭೀರ ಅಂತ ಹೇಳಿಕಳಿಸ್ತೀನಿ."

"ನಿನ್ನೆ ತಾನೆ ನಿಮ್ಮನ್ನ ಮಾರ್ಕೆಟ್ಟಲ್ಲಿ ಕುಂಬಳಕಾಯಿ ಹೊತ್ಕೊಂಡು ಹೋಗ್ತಿದ್ದದ್ದನ್ನ ನೋಡಿದಾಳೆ."

ಹೆಡ್‌ಮಾಸ್ಟರು ತಲೆ ತಗ್ಗಿಸಿದರು. ಬೋಳುತಲೆಯ ಮೇಲೆ ಸ್ಟುಡಿಯೋದ ದೀಪ ಹೊಳೆಯಿತು.

"ಮೂವತ್ತು ವರ್ಷ ಪಾಠ ಹೇಳಿದೀನಿ. ಅದರಲ್ಲಿ ಒಂದೇ ಒಂದು ಸುಳ್ಳು ಹೇಳಿಕೊಟ್ಟಿದೀನಿ. ಅದನ್ನೇ ಎಲ್ಲರೂ ನೆನಪಿಟ್ಟುಕೊಂಡಿದಾರೆ. ಗುಣಿಸೋ ಮಗ್ಗಿ ಒಬ್ಬರಿಗೂ ನೆನಪಿಲ್ಲ." ಆಮೇಲೆ ಮೆಲ್ಲಗೆ, "ಊರು ನಕ್ಕರೆ ನಗಲಿ. ಅವಳಿಗೆ ಮಾತ್ರ ಗೊತ್ತಾಗಬಾರದು," ಎಂದರು.

ನಗಪ್ಪನಿಗೂ ಅದೇ ಚಿಂತೆಯಾಗಿತ್ತು. ಟೈಲರನ ಮೀನು, ಸಾಹೇಬರ ಎಂಟು ಪುಟ, ಎಲ್ಲ ಹೇಗೋ ಆಗಲಿ. ಆದರೆ ಹದಿನೈದು ವರ್ಷ ನಗು ಕೂಡಿಟ್ಟುಕೊಂಡು ಕಾದವಳು ಸಮುದ್ರದ ಮುಂದೆ ನಿಂತು, ಗಡಿಯಾರವಿಲ್ಲದ್ದು ಕಂಡು, ಅಪ್ಪನ ಸುಳ್ಳು ತಿಳಿದು ತಿರುಗಿ ನೋಡುವ ನೋಟವನ್ನು ಫೋಟೋ ತೆಗೆಯುವ ಧೈರ್ಯ ಅವನಿಗಿರಲಿಲ್ಲ.

ಅಷ್ಟರಲ್ಲಿ ಹೆಂಡತಿಯೇ ಮೆಟ್ಟಿಲು ಹತ್ತಿ ಬಂದಳು, ಕೈಯಲ್ಲಿ ಬಸ್ಸಿನ ಟಿಕೆಟು.

"ಅಪ್ಪ, ಇಲ್ಲೇ ಸಿಕ್ಕಿದ್ರಲ್ಲ. ನಿಮಗೂ ಸೇರಿಸಿ ನಾಲ್ಕು ಸೀಟು ಹಿಡಿಸಿದೀನಿ. ಆ ಜಾಗ ತೋರಿಸೋಕೆ ನೀವೇ ಬೇಕು."

ಹೆಡ್‌ಮಾಸ್ಟರು ಉಗುಳು ನುಂಗಿದರು. ಆ ಸದ್ದು ಕೆಳಗಿನ ಬೇಕರಿಗೂ ಕೇಳಿಸಿತಂತೆ.

ಶುಕ್ರವಾರ ಸಂಜೆಯ ಹೊತ್ತಿಗೆ ನಗಪ್ಪನ ತಲೆಯಲ್ಲಿ ಒಂದು ಉಪಾಯ ಹೊಳೆಯಿತು. ಅದು ಫೋಟೋಗ್ರಾಫರನೊಬ್ಬನಿಗೆ ಮಾತ್ರ ಹೊಳೆಯಬಹುದಾದ ಉಪಾಯ. ಮಾವನನ್ನು ಡಾರ್ಕ್ ರೂಮಿಗೆ ಕರೆದು ಹೇಳಿದ:

"ಮಾವ, ಫೋಟೋ ತೆಗೆಸಿಕೊಳ್ಳೋರಿಗೆ ಬೆನ್ನ ಹಿಂದೆ ಇರೋದು ಕಾಣಿಸಲ್ಲ. ನಮ್ಮ ವೃತ್ತಿ ನಿಂತಿರೋದೇ ಅದರ ಮೇಲೆ. ಅವಳನ್ನ ಸಮುದ್ರಕ್ಕೆ ಬೆನ್ನು ಮಾಡಿ ನಿಲ್ಲಿಸ್ತೀನಿ. ಹಿಂದೆ ನೀವು ಪರದೆ ಎತ್ತಿ ಹಿಡೀರಿ. ಫೋಟೋ ಆದ ತಕ್ಷಣ ಸುತ್ತಿಬಿಡಿ. ಊರಿಗೆ ಬಂದು ಫೋಟೋ ತೊಳೆದ್ರೆ ಗಡಿಯಾರ ಇದ್ದೇ ಇದೆ."

"ಅದಕ್ಕೆ ಮೊದಲು ಅವಳು ಸಮುದ್ರ ನೋಡಿರ್ತಾಳಲ್ಲ, ಅಳಿಯಂದಿರೇ. ಗಡಿಯಾರ ಎಲ್ಲಿ ಅಂದ್ರೆ?"

"ಆ ಭಾಗ ನಿಮ್ಮದು. ನೀವು ಹೆಡ್‌ಮಾಸ್ಟರು."

ಶನಿವಾರ ಬೆಳಗ್ಗೆ ಆರಕ್ಕೆ ಬಸ್ಸು ಹೊರಟಾಗ ಟೈಲರ್, ಬೇಕರಿಯವನು, ಪೋಸ್ಟ್‌ಮಾಸ್ಟರು ಸಾಲಾಗಿ ನಿಂತು, ಯುದ್ಧಕ್ಕೆ ಹೋಗುವವರನ್ನು ಕಳಿಸುವ ಹಾಗೆ ಕೈಬೀಸಿದರು. ಬಸ್ಸಿನ ಮೇಲೆ ಹಾಸಿಗೆಯ ಬಟ್ಟೆಯಲ್ಲಿ ಸುತ್ತಿದ ಒಂದು ಉದ್ದನೆಯ ಗಂಟು, ಅದರಿಂದ ಹೊರಚಾಚಿದ ಎರಡು ಬಿದಿರ ಗಳ.

"ಅದೇನ್ರೀ ಮೇಲೆ?"

"ಬಿಸಿಲಿಗೆ ನೆರಳು."

"ಅಜ್ಜ," ಎಂದಳು ಹನ್ನೆರಡು ವರ್ಷದ ಮಗಳು, "ನೀವು ಹೋದಾಗ ಬಸ್ಸಲ್ಲಿ ಎಷ್ಟು ಹೊತ್ತಾಗಿತ್ತು?"

"ಹೆಚ್ಚೇನಿಲ್ಲ ಮರಿ. ಮೆಟ್ಟಿಲು ಹತ್ತೋ ಅಷ್ಟು," ಎಂದುಬಿಟ್ಟರು ಹೆಡ್‌ಮಾಸ್ಟರು. ನಗಪ್ಪನಿಗೆ ಏಳು ಗಂಟೆ ಕಾಲ ಕೆಮ್ಮು ಬಂತು.

ಮಧ್ಯಾಹ್ನ ಕಡಲ ಪಟ್ಟಣ ಬಂತು. ಸಣ್ಣ ಬೀದಿಗಳು, ಬಿಳಿ ಗೋಡೆಗಳು, ಒಣಗಲು ಹಾಕಿದ ಬಲೆಗಳು. ಬೀದಿಯ ತುದಿಗೆ ಬಂದು ತಿರುಗಿದ್ದೇ ತಡ, ಸಮುದ್ರ. ನಗಪ್ಪ ಇಪ್ಪತ್ತೈದು ವರ್ಷದಿಂದ ಅದನ್ನು ಎಷ್ಟು ಸಲ ನೋಡಿದ್ದರೂ ಒಂದು ವಿಷಯ ಅವನಿಗೆ ಗೊತ್ತಿರಲಿಲ್ಲ. ಅದು ಅಲುಗಾಡುತ್ತಿತ್ತು. ಬಾಯಿ ತೆರೆದು ನಿಂತ. ಹೆಡ್‌ಮಾಸ್ಟರೂ ಬಾಯಿ ತೆರೆದು ನಿಂತಿದ್ದರು. ಅವರು ಬಾಯಿ ತೆರೆಯಬಾರದೆಂದು ನಗಪ್ಪ ಮೊಣಕೈಯಿಂದ ತಿವಿದ.

ಹೆಂಡತಿ ಎಡಕ್ಕೆ ನೋಡಿದಳು, ಬಲಕ್ಕೆ ನೋಡಿದಳು.

"ಅಪ್ಪ, ಲೈಟ್‌ಹೌಸು?"

"ಅದು... ಆ ಕಡೆ, ಬಂಡೆ ಹಿಂದೆ."

ಬಂಡೆಯ ಹಿಂದೆ ಹೋದರು. ಅಲ್ಲಿ ಇನ್ನೊಂದು ಬಂಡೆ ಇತ್ತು. ಅದರ ಹಿಂದೆ ಮೂರನೆಯದು. ನಾಲ್ಕನೆಯ ಬಂಡೆಯ ಹತ್ತಿರ ಒಬ್ಬ ಚಹಾದವನು ಸಿಕ್ಕಿದ. ಹೆಂಡತಿ ಅವನನ್ನು ಕೇಳಿದಳು.

"ಅಣ್ಣ, ಇಲ್ಲಿ ಗಡಿಯಾರ ಇರೋ ಲೈಟ್‌ಹೌಸ್ ಎಲ್ಲಿ?"

"ಗಡಿಯಾರಾನಾ?" ಚಹಾದವನು ಸೋಸುವುದನ್ನು ನಿಲ್ಲಿಸಿದ. "ನಮ್ಮಲ್ಲಿ ಇರೋದು ಅಗೋ, ಆ ಕಬ್ಬಿಣದ ಕಂಬ. ಮೇಲೆ ಒಂದು ಬಲ್ಬು. ಅದೂ ಸುಟ್ಟುಹೋಗಿ ಹದಿನೈದು ದಿನ ಆಯ್ತು."

"ಆಗ ಇತ್ತು," ಎಂದರು ಹೆಡ್‌ಮಾಸ್ಟರು, ಪಾಠ ಮಾಡುವ ದನಿಯಲ್ಲಿ. "ಅಲೆ ಹೊಡ್ಕೊಂಡು ಹೋಗಿರಬೇಕು."

"ನಮ್ಮ ತಾತನ ಕಾಲದಿಂದ ಕಂಬವೇ," ಎಂದ ಚಹಾದವನು, ತನಗೆ ಸಂಬಂಧವಿಲ್ಲದ ಜಗಳದಲ್ಲಿ ಸಾಕ್ಷಿ ಹೇಳುವವರ ಉತ್ಸಾಹದಿಂದ.

ಹೆಂಡತಿ ಅಪ್ಪನನ್ನು ಒಂದು ಸಲ ನೋಡಿದಳು. ಉಳಿದುಕೊಂಡಿದ್ದ ಲಾಡ್ಜಿಗೆ ಬಂದು, ಏನೂ ಹೇಳದೆ ಊಟ ಮಾಡಿ, ಏನೂ ಹೇಳದೆ ಮಲಗಿದಳು. ಅವಳು ಬೈದಿದ್ದರೆ ನಗಪ್ಪನಿಗೆ ನಿದ್ದೆಯಾದರೂ ಬರುತ್ತಿತ್ತು.

ಭಾನುವಾರ ಬೆಳಗ್ಗೆ ದಂಡೆಯಲ್ಲಿ ಜನವಿರಲಿಲ್ಲ. ಹೆಂಡತಿಗೆ ಅನುಮಾನ ಬಂದಿದ್ದರೂ, ಊರಿನ ಷೋಕೇಸಿಗೆ ಗಡಿಯಾರ ಬೇಕೇ ಬೇಕಿತ್ತು. ನಗಪ್ಪ ಮೂರು ಕಾಲಿನ ಸ್ಟ್ಯಾಂಡಿನ ಮೇಲೆ ಕ್ಯಾಮೆರಾ ನಿಲ್ಲಿಸಿ, ಫೋಕಸ್ ಸರಿಮಾಡಿ, ಮಗಳ ಕೈಗೆ ಬಟನ್ನಿನ ವೈರು ಕೊಟ್ಟ.

"ನಾನೂ ಅಮ್ಮನ ಪಕ್ಕ ನಿಲ್ತೀನಿ. 'ಹೂಂ' ಅಂದ ತಕ್ಷಣ ಒತ್ತು. ಏನೇ ಕಂಡರೂ ಮಾತಾಡ್ಬೇಡ."

"ಏನು ಕಾಣುತ್ತೆ ಅಪ್ಪ?"

"ಮಾತಾಡ್ಬೇಡ ಅಂದೆನಲ್ಲ."

ಹೆಂಡತಿ ಸಮುದ್ರಕ್ಕೆ ಬೆನ್ನು ಮಾಡಿ ನಿಂತಳು. ಮುಖ ಮದುವೆಯ ಫೋಟೋದ್ದೇ. ಹಿಂದೆ ಹತ್ತು ಹೆಜ್ಜೆಯ ಮೇಲೆ ಹೆಡ್‌ಮಾಸ್ಟರು ಸದ್ದಿಲ್ಲದೆ ಗಂಟು ಬಿಚ್ಚಿದರು. ಒಂದು ಗಳವನ್ನು ಮರಳಲ್ಲಿ ನೆಟ್ಟರು. ಇನ್ನೊಂದನ್ನು, ಲೈಟ್‌ಹೌಸಿನ ಕಡೆಯದನ್ನು, ಎದೆಗವಚಿ ಹಿಡಿದರು. ಪರದೆ ಬಿಚ್ಚಿಕೊಂಡಿತು. ಅಸಲಿ ಸಮುದ್ರ ಮಾಯವಾಗಿ, ಅದರ ಜಾಗದಲ್ಲಿ ನೀಲಿ ಬಣ್ಣದ, ಅಲುಗಾಡದ, ಮರ್ಯಾದಸ್ಥ ಸಮುದ್ರ ಬಂದು ನಿಂತಿತು. ಆಗ ಗಂಟೆ ಎಷ್ಟೆಂದು ನೀವು ಕೇಳುತ್ತೀರಿ, ನನಗೆ ಗೊತ್ತು. ಸುಳ್ಳು ಹೇಳು ಎಂದರೂ ನನಗೆ ಬರುವುದಿಲ್ಲ: ಎಂಟೂ ಕಾಲು.

ನಗಪ್ಪ ಓಡಿಬಂದು ಹೆಂಡತಿಯ ಪಕ್ಕ ನಿಂತ. "ಸ್ವಲ್ಪ ನಗಮ್ಮ," ಎಂದ, ಅಭ್ಯಾಸಬಲದಿಂದ.

"ನಗೋಕೆ ಏನಿದೆ ಇಲ್ಲಿ?"

ಅವನು ಲೆಕ್ಕಕ್ಕೆ ತೆಗೆದುಕೊಳ್ಳದ ವಸ್ತು ಒಂದಿತ್ತು. ಅದನ್ನು ಅವನು ಇಪ್ಪತ್ತೈದು ವರ್ಷ ಟೇಬಲ್ ಫ್ಯಾನಿನಿಂದ ಮಾತ್ರ ಬಲ್ಲವನಾಗಿದ್ದ. ಊರ ಕಡೆಯಿಂದ ಒಂದು ಗಾಳಿ ಎದ್ದು ಬಂದು, ಪರದೆಯನ್ನು ಹಾಯಿಯಂತೆ ಉಬ್ಬಿಸಿ, ನೆಟ್ಟ ಗಳವನ್ನು ಕಿತ್ತು, ಪರದೆ, ಎರಡು ಗಳ ಮತ್ತು ಒಬ್ಬ ನಿವೃತ್ತ ಹೆಡ್‌ಮಾಸ್ಟರನ್ನು ಒಟ್ಟಿಗೆ ಎತ್ತಿಕೊಂಡು ಸಮುದ್ರದ ಕಡೆ ನಡೆಯಿತು. ಹೆಡ್‌ಮಾಸ್ಟರು ಕೈ ಬಿಡಲಿಲ್ಲ. ಅಷ್ಟು ವರ್ಷದ ಉಕ್ತಲೇಖನವನ್ನು ಯಾರು ಕೈಬಿಡುತ್ತಾರೆ? ಮೊಣಕಾಲಿನ ನೀರಿನಲ್ಲಿ ಎರಡು ಸುತ್ತು ತಿರುಗಿದರು. ತಿರುಗಿದಂತೆ ಪರದೆ ಅವರ ಮೈಗೆ ಸುತ್ತಿಕೊಂಡಿತು, ಟೈಲರ್ ಅಳತೆ ತೆಗೆದು ಹೊಲಿದ ಹಾಗೆ. ಒಂದು ಅಲೆ ಬಂದು ಕೆಡವಿತು, ಇನ್ನೊಂದು ಬಂದು ಎತ್ತಿ ನಿಲ್ಲಿಸಿತು.

ಈಗ ಸಮುದ್ರದ ನಡುವೆ ಕೆಂಪು ಬಿಳಿ ಪಟ್ಟೆಯ ಲೈಟ್‌ಹೌಸೊಂದು, ಒಂದು ಕಡೆಗೆ ವಾಲಿಕೊಂಡು, ನಿಂತಿತ್ತು. ಅದರ ಹಣೆಯ ಮೇಲೆ ಗಡಿಯಾರ. ಹತ್ತು ಗಂಟೆ ಹತ್ತು ನಿಮಿಷ. ಅದರ ತುದಿಯಲ್ಲಿ, ಬೆಳಗಿನ ಬಿಸಿಲಿಗೆ, ಒಂದು ಬೋಳುತಲೆ ದೀಪದ ಹಾಗೆ ಉರಿಯುತ್ತಿತ್ತು.

ಲೈಟ್‌ಹೌಸಿನೊಳಗಿಂದ ದನಿ ಬಂತು.

"ಅಳಿಯಂದಿರೇ... ಇದು ಉಪ್ಪು. ನಿಜವಾಗ್ಲೂ ಉಪ್ಪು ಕಣ್ರೀ. ಪುಸ್ತಕದಲ್ಲಿ ಇದ್ದದ್ದು ನಿಜ."

ಹೆಂಡತಿ ತಿರುಗಿದಳು.

ನಗಪ್ಪ ಕಣ್ಣು ಮುಚ್ಚಿಕೊಂಡ. ಹದಿನೈದು ವರ್ಷದ ಸಂಸಾರ ಕಣ್ಣಿನೊಳಗೆ ಹಾದುಹೋಯಿತು. ಬಹುಭಾಗ ಮದುವೆ ಮನೆಗಳಲ್ಲಿ ಬೇರೆಯವರ ಹೆಂಡತಿಯರಿಗೆ "ಸ್ವಲ್ಪ ಎಡಕ್ಕೆ" ಎನ್ನುವುದರಲ್ಲಿ ಕಳೆದಿತ್ತು.

"ಅಪ್ಪ," ಎಂದಳು ಅವಳು, "ನೀವು ಸಮುದ್ರ ನೋಡ್ತಿರೋದು ಇದೇ ಮೊದಲನೇ ಸಲಾನಾ?"

ಲೈಟ್‌ಹೌಸು ಸ್ವಲ್ಪ ಹೊತ್ತು ಯೋಚಿಸಿತು.

"ಮೊದಲನೇ ಸಲ ಕಣಮ್ಮ," ಎಂದಿತು. ಅಷ್ಟರಲ್ಲಿ ಒಂದು ಅಲೆ ಬಂದು ಅದರ ಬುಡಕ್ಕೆ ಬಡಿಯಿತು. "ಆದರೆ ನೋಡು, ನಾನು ಹೇಳಿದ ಹಾಗೇ ಇದೆ. ಪಾದ ತೊಳೀತು."

ಅವಳ ಬಾಯಿಯ ಒಂದು ತುದಿ ಅದುರಿತು. ಇನ್ನೊಂದು ತುದಿ ತಡೆಯಲು ನೋಡಿತು, ಆಗಲಿಲ್ಲ. ಅನಂತರ ಅವಳು ನಕ್ಕಳು. ಹದಿನೈದು ವರ್ಷ ಬಡ್ಡಿಯಿಲ್ಲದೆ ಕೂಡಿಟ್ಟದ್ದೆಲ್ಲ ಒಟ್ಟಿಗೆ ಹೊರಬಿತ್ತು. ಹೊಟ್ಟೆ ಹಿಡಿದುಕೊಂಡು, ಮತ್ತೆ ಕ್ಯಾಮೆರಾ ಕಡೆ ತಿರುಗಿ, ಗಂಡನ ಹೆಗಲಿಗೆ ಗುದ್ದಿ, ಕಣ್ಣಲ್ಲಿ ನೀರು ಬಂದು, ನಾಲ್ಕನೆಯ ಬಂಡೆಯ ಚಹಾದವನು ಸೋಸಣಿಗೆ ಹಿಡಿದುಕೊಂಡೇ ಓಡಿ ಬರುವಷ್ಟು ನಕ್ಕಳು.

"ಹೂಂ ಹೂಂ, ಸಾಕು ಮಾರಾಯ್ತಿ," ಎಂದ ನಗಪ್ಪ.

ಮಗಳು 'ಹೂಂ' ಕೇಳಿದಳು, ಬಟನ್ ಒತ್ತಿದಳು. ಆಮೇಲಷ್ಟೆ ಗಂಡ ಹೆಂಡತಿ ಇಬ್ಬರೂ ಓಡಿಹೋಗಿ ಲೈಟ್‌ಹೌಸನ್ನು ದಡಕ್ಕೆ ಎಳೆದು ತಂದರು.

ಸೋಮವಾರ ಬೆಳಗ್ಗೆ ಸ್ಟುಡಿಯೋದ ಮುಂದೆ ಅರ್ಧ ಊರು ನಿಂತಿತ್ತು. ಉಳಿದರ್ಧಕ್ಕೆ ಜಾಗ ಸಾಲಲಿಲ್ಲ. ನಗಪ್ಪ ಆ ಫೋಟೋ ಇಡುವುದೇ ಬೇಡ ಎಂದಿದ್ದ. ಇಡಲೇಬೇಕೆಂದು ಹಟ ಹಿಡಿದವಳು ಹೆಂಡತಿ. ಅವಳೇ ಕೈಯಾರೆ ಒರೆಸಿ, ಷೋಕೇಸಿನ ನಟ್ಟನಡುವೆ ನಿಲ್ಲಿಸಿ, ಬದಿಗೆ ಸರಿದಳು.

ಎದುರಿಗೆ ಗಂಡ ಹೆಂಡತಿ. ಹೆಂಡತಿ ನಗುತ್ತಿದ್ದಾಳೆ. ಹಿಂದೆ ಸಮುದ್ರ, ನೊರೆ ಸಮೇತ. ಸಮುದ್ರದ ನಡುವೆ, ನೀರಿನಲ್ಲೇ, ಲೈಟ್‌ಹೌಸು. ಗಡಿಯಾರ. ಹತ್ತು ಗಂಟೆ ಹತ್ತು ನಿಮಿಷ.

ಅರ್ಧ ಊರು ಗಾಜಿನ ಹತ್ತಿರಕ್ಕೆ ಬಾಗಿತು.

"ಇದೆ," ಎಂದ ಟೈಲರ್, ಅಳುವ ದನಿಯಲ್ಲಿ. "ಇದೆ ಅಂತ ನಾನು ಹೇಳಿರಲಿಲ್ವಾ. ನೋಡು ಭಾವ, ಇದೆ."

"ಸ್ವಲ್ಪ ವಾಲಿದ ಹಾಗಿದೆಯಲ್ಲ," ಎಂದ ಅವನ ದೊಡ್ಡ ಭಾವ.

"ಸಮುದ್ರದ ಗಾಳಿ ಅಂದ್ರೆ ಸಾಮಾನ್ಯವಾ? ನಾನಿದ್ದಾಗಲೂ ವಾಲಿತ್ತು. ಸಣ್ಣ ವಿಷಯ ಅಂತ ಹೇಳಿರಲಿಲ್ಲ."

"ತುದೀಲಿ ಬೆಳ್ಳಗೆ ಗುಂಡಗೆ ಹೊಳೀತಿರೋದು?"

"ದೀಪ," ಎಂದರು ಗುಂಪಿನ ಹಿಂದಿನಿಂದ ಹೆಡ್‌ಮಾಸ್ಟರು, ಟೋಪಿಯನ್ನು ಕಿವಿಯವರೆಗೆ ಎಳೆದುಕೊಳ್ಳುತ್ತ. ಅವರಿಗೆ ನೆಗಡಿಯಾಗಿತ್ತು.

ಅಷ್ಟರಲ್ಲಿ ಸಾಹೇಬರು ಬಂದರು. ಗಾಜಿಗೆ ಮೂಗು ಒತ್ತಿ ಕಾಲು ಗಂಟೆ ನೋಡಿದರು. ಎದೆ ಉಬ್ಬಿತು. ಜೇಬಿನಿಂದ ನೋಟ್‌ಬುಕ್ ತೆಗೆದು ಬರೆದುಕೊಂಡರು. ಎರಡು ವರ್ಷದಲ್ಲಿ ಅದರಲ್ಲಿ ಬಿದ್ದ ಮೊದಲ ಬರಹ ಅದು. ಮಧ್ಯಾಹ್ನದೊಳಗೆ ನೀಲನಕ್ಷೆಗೆ ತಿದ್ದುಪಡಿ ಹೋಯಿತು: "ಸ್ಥಳದಿಂದ ಬಂದ ಇತ್ತೀಚಿನ ಫೋಟೋ ಪ್ರಕಾರ ಗೋಪುರವು ಎಡಕ್ಕೆ ಒಂದೂವರೆ ಅಡಿ ವಾಲಿರತಕ್ಕದ್ದು. ತುದಿಯಲ್ಲಿ ನುಣುಪಾದ ಬಿಳಿ ಗುಮ್ಮಟ ಇರತಕ್ಕದ್ದು."

ಆ ಗೋಪುರ ಈಗಲೂ ಉದ್ಯಾನದಲ್ಲಿದೆ. ಗಾಳಿಯೇ ಬೀಸದ ಊರಿನಲ್ಲಿ ಒಂದೂವರೆ ಅಡಿ ವಾಲಿ ನಿಂತಿದೆ. ಅದನ್ನು ಉದ್ಘಾಟಿಸಿದ ಮೇಲಧಿಕಾರಿಗಳು ತಾವೂ ತುಸು ವಾಲಿಕೊಂಡೇ ಭಾಷಣ ಮಾಡಿದರು. ಗಡಿಯಾರ ಕೂರಿಸಿದ ದಿನ ಯಾವ ಹೊತ್ತು ಇಟ್ಟರೋ ಅದೇ ಹೊತ್ತಿನಲ್ಲಿ ನಿಂತಿದೆ. ಯಾವ ಹೊತ್ತೆಂದು ನಾನು ಹೇಳಬೇಕಾಗಿಲ್ಲ. ಪರದೆ ಉಪ್ಪುನೀರಿಗೆ ಅಲ್ಲಲ್ಲಿ ಮಾಸಿದೆ. ಆದರೆ ಸಮುದ್ರಕ್ಕೆ ಹೋಗಿ ಬಂದ ಪರದೆ ಎಂದು ಗಿರಾಕಿಗಳು ಅದನ್ನೇ ಕೇಳುತ್ತಾರೆ.

ನಗಪ್ಪನ ಹೆಂಡತಿ ದಿನವೂ ಸಂಜೆ ಅಪ್ಪನ ಕೈ ಹಿಡಿದುಕೊಂಡು ಆ ಉದ್ಯಾನದಲ್ಲಿ ನಡೆಯಲು ಹೋಗುತ್ತಾಳೆ. ಗೋಪುರದ ಕೆಳಗೆ ಬಂದಾಗ ಒಮ್ಮೆ ಮೇಲಿನ ಗುಮ್ಮಟ ನೋಡುತ್ತಾಳೆ, ಒಮ್ಮೆ ಪಕ್ಕದಲ್ಲಿರುವ ಗುಮ್ಮಟ ನೋಡುತ್ತಾಳೆ, ಆಮೇಲೆ ನಗುತ್ತಾಳೆ. "ಸ್ವಲ್ಪ ನಗಮ್ಮ" ಎಂದು ಯಾರೂ ಹೇಳಬೇಕಾಗಿಲ್ಲ. ನಗುವುದೂ ಸ್ವಲ್ಪವಲ್ಲ.